ಪ್ರಮೋಷನ್ ಸಿಗ್ಲಿಲ್ವಾ? ತಪ್ಪು ನಿಂದೇ ಕಣಮ್ಮ

ರಿಕ್ ಪ್ರೆಲಿಂಗರ್ ಅನ್ನೋ ಪುಣ್ಯಾತ್ಮ 80ರ ದಶಕದಿಂದ, ಬೇರೆಯವ್ರು ಕಸ ಅಂತ ಬಿಸಾಕ್ತಿದ್ದ ಹಳೇ ಅಮೆರಿಕನ್ ಫಿಲ್ಮ್‌ಗಳನ್ನ ಗುಡ್ಡೆ ಹಾಕ್ಕೊಂಡು ಬಂದ, ಈಗ ಎಷ್ಟೋ ಇಂಟರ್ನೆಟ್ ಆರ್ಕೈವ್ ಅನ್ನೋ ವೆಬ್‌ಸೈಟಲ್ಲಿ ಫ್ರೀಯಾಗಿ ಸಿಗ್ತವೆ. ಅದ್ರಲ್ಲಿ 1940-50ರ ದಶಕದ, ಆಫೀಸಲ್ಲಿ ಮುಂದೆ ಬರೋದು ಹೆಂಗೆ ಅಂತ ಪಾಠ ಹೇಳೋ ಫಿಲ್ಮ್‌ಗಳಿದಾವಲ್ಲ, ಅವುಗಳ ಹುಚ್ಚು ಹತ್ತಿಬಿಟ್ಟಿದೆ ನಂಗೆ. ಹೆಚ್ಚಿನವು 16 ಎಂಎಂ ಒಂದೇ ರೀಲು, ಹತ್ತು-ಹನ್ನೊಂದು ನಿಮಿಷ, ಸ್ಕೂಲಲ್ಲಿ ಪ್ರೊಜೆಕ್ಟರ್ ಇಟ್ಟು ತೋರಿಸ್ತಿದ್ದವು. ಇದ್ರಲ್ಲಿ ದೊಡ್ಡ ಹೆಸರು ಷಿಕಾಗೋ ಹತ್ರದ ಗ್ಲೆನ್‌ವ್ಯೂನ ಕೊರೊನೆಟ್ ಅನ್ನೋ ಫಿಲ್ಮ್ ಕಂಪನಿ. ಓನರ್ ಡೇವಿಡ್ ಸ್ಮಾರ್ಟ್, ಎಸ್ಕ್ವೈರ್ ಪತ್ರಿಕೆಯವನು. ಅಲ್ಲಿ ಅರೆಬರೆ ಬಟ್ಟೆ ಹುಡುಗೀರ ಚಿತ್ರ, ಇಲ್ಲಿ ಮಕ್ಕಳಿಗೆ ಶಿಸ್ತಿನ ಪಾಠ!

ಸೆಕ್ರೆಟರಿ ಕೆಲಸದ ಫಿಲ್ಮ್‌ಗಳು ನಂಗೆ ಜಾಸ್ತಿ ಇಷ್ಟ, ಯಾಕಂದ್ರೆ ಆ ಕೆಲಸ ನಿಜಕ್ಕೂ ಕಷ್ಟದ್ದು. ಸಾಹೇಬ್ರು ಬಾಯಲ್ಲಿ ಹೇಳ್ತಾ ಹೋದಂಗೆ ಶಾರ್ಟ್‌ಹ್ಯಾಂಡಲ್ಲಿ ಬರ್ಕೋಬೇಕು, ಆಮೇಲೆ ಕಾರ್ಬನ್ ಹಾಳೆ ಇಟ್ಟು ಟೈಪ್ ಮಾಡ್ಬೇಕು, ಒಂದು ಅಕ್ಷರ ತಪ್ಪಿದ್ರೆ ಮೇಲಿನ ಹಾಳೆ ಅಷ್ಟೇ ಅಲ್ಲ ಕೆಳಗಿನ ಒಂದೊಂದು ಕಾಪೀನೂ ಬೇರೆ ಬೇರೆ ಉಜ್ಜಿ ಸರಿಮಾಡ್ಬೇಕು. ಇಷ್ಟೆಲ್ಲ ಕಲಿತವಳು ಕೊನೆಗೆ ಎಲ್ಲಿಗೆ ಮುಟ್ತಾಳೆ? ಸಾಹೇಬ್ರ ಕ್ಯಾಬಿನ್ ಬಾಗಿಲ ತನಕ. ಒಳಗಿನ ಕುರ್ಚಿ ಅವಳದಲ್ಲ.

ಯುದ್ಧದ ಟೈಮಲ್ಲಿ ಹೆಂಗಸ್ರು ಬೇಕಾಗಿದ್ರು ನೋಡಿ, 1944ರಲ್ಲಿ ಅಲ್ಲಿನ ಸರ್ಕಾರದ ಶಿಕ್ಷಣ ಇಲಾಖೆನೇ ಫ್ಯಾಕ್ಟರಿ ಫೋರ್‌ಮನ್‌ಗಳಿಗೆ ಹೆಂಗಸ್ರ ಕೈಲಿ ಕೆಲಸ ತೆಗೆಯೋದು ಹೆಂಗೆ ಅಂತ ಒಂದು ಫಿಲ್ಮ್ ಮಾಡಿಸಿತ್ತು. ಯುದ್ಧ ಮುಗೀತು, ಗಂಡಸ್ರು ವಾಪಸ್ ಬಂದ್ರು, ಲಕ್ಷಾಂತರ ಹೆಂಗಸ್ರು ಆ ಮಷೀನ್ ಬಿಟ್ಟು ಹೊರಗೆ ಬಂದ್ರು. ಆಮೇಲಿನ ಪಾಠ ಬರೀ ನಡವಳಿಕೆದು: ನಗ್ತಾ ಇರು, ಟೈಮಿಗೆ ಬಾ, ಫೋನಲ್ಲಿ ಮೆತ್ತಗೆ ಮಾತಾಡು.

ನನ್ನ ತಕರಾರು ಇರೋದೇ ಇಲ್ಲಿ. ಮೇಲೆ ಹೋಗಿಲ್ಲ ಅಂದ್ರೆ ನಿನ್ನ ಸ್ವಭಾವದಲ್ಲೇ ಏನೋ ಐಬು ಅನ್ನೋ ಧಾಟಿ. 1945-46ರಲ್ಲಿ ಅಮೆರಿಕದಲ್ಲಿ ಲಕ್ಷಗಟ್ಟಲೆ ಕಾರ್ಮಿಕರು ಸಂಬಳಕ್ಕೋಸ್ಕರ ಸ್ಟ್ರೈಕ್ ಮಾಡಿದ್ರು, ಆದ್ರೆ ನಾನು ನೋಡಿರೋ ಈ ಫಿಲ್ಮ್‌ಗಳ ಆಫೀಸಲ್ಲಿ ಯೂನಿಯನ್ ಅನ್ನೋದೇ ಇಲ್ಲ, ಕಪ್ಪು ಜನರಂತೂ ಹುಡುಕಿದ್ರೂ ಕಾಣಲ್ಲ. ಗಂಡು ಹೆಣ್ಣಿಗೆ ಸಮಾನ ವೇತನದ ಕಾನೂನು ಬಂದಿದ್ದೇ 1963ಕ್ಕೆ, ಅಲ್ಲಿವರೆಗೂ ಎಷ್ಟು ಮೆತ್ತಗೆ ಮಾತಾಡಿದ್ರೆ ಏನ್ ಬಂತು?

ಈಗ ಲಿಂಕ್ಡ್‌ಇನ್‌ನಲ್ಲಿ ಬೋಧನೆ ಮಾಡೋ ಗುರುಗಳದ್ದೂ ಇದೇ ರಾಗ ಅಲ್ವಾ, ಬೆಳಗ್ಗೆ ಐದಕ್ಕೆ ಏಳು, ತಣ್ಣೀರು ಸ್ನಾನ ಮಾಡು, ಮೈಂಡ್‌ಸೆಟ್ ಬದಲಾಯಿಸ್ಕೋ ಅಂತ. ಆ ಹಳೇ ಫಿಲ್ಮ್‌ಗಳು ಕೊನೇ ಪಕ್ಷ ಫೈಲ್ ಜೋಡಿಸೋದಾದ್ರೂ ಕಲಿಸ್ತಿದ್ವು ಮಾರಾಯ್ರೆ. ಬಿಡುವಾದಾಗ ಒಂದೆರಡು ನೋಡಿ, ಮಜಾ ಇರ್ತವೆ, ಆ ಫಿಲ್ಮ್‌ಗಳಲ್ಲಿ ಸಂಬಳ ಎಷ್ಟು ಅಂತ ಯಾರಾದ್ರೂ ಬಾಯಿಬಿಟ್ರೆ ಕಾಮೆಂಟಲ್ಲಿ ಹೇಳಿ.