ಎಲೆ ಚಿತ್ರದ ಡಬ್ಬಿಗಿಂತ ಬಸ್ ಸ್ಟ್ಯಾಂಡ್ ಹತ್ತಿರದ ಕತ್ತರಿ ವಾಸಿ

ಕಳೆದ ರಜೆಯಲ್ಲಿ ಹಾಸನಕ್ಕೆ ಹೋದಾಗ ಅಕ್ಕನ ಮನೆಯ ವ್ಯಾಕ್ಯೂಮ್ ಕ್ಲೀನರ್ ಕೈಕೊಟ್ಟಿತ್ತು. ಸದ್ದು ಜೋರು, ಕೆಲಸ ಸೊನ್ನೆ. ಬಿಚ್ಚಿ ನೋಡಿದರೆ ಮೋಟಾರಿನ ಮುಂದಿರುವ ಸ್ಪಂಜಿನ ಫಿಲ್ಟರ್ ಮುಟ್ಟಿದರೆ ಉದುರುವ ಹಾಗಾಗಿತ್ತು. ಆ ಮಾಡೆಲ್ ಅಂಗಡಿಗಳಲ್ಲಿ ಕಾಣದೇ ಎಷ್ಟೋ ಕಾಲವಾಗಿದೆ. ನಾನು ಫೋನ್ ತೆಗೆದು ಆನ್‌ಲೈನ್‌ನಲ್ಲಿ ಹುಡುಕಲು ಕೂತೆ. ಅಕ್ಕ ಫಿಲ್ಟರನ್ನು ಫ್ರೇಮ್ ಸಮೇತ ಪೇಪರಿನಲ್ಲಿ ಸುತ್ತಿ ಕೈಗಿಟ್ಟಳು. "ಅದರಲ್ಲಿ ಏನ್ ಹುಡುಕ್ತೀಯೋ, ಬಸ್ ಸ್ಟ್ಯಾಂಡ್ ಹತ್ರ ಮಿಕ್ಸಿ ರಿಪೇರಿಯವ್ರಿಗೆ ಕೊಡು ಹೋಗು. ಬರ್ತಾ ಕೊತ್ತಂಬರಿ ಸೊಪ್ಪು ತಗೊಂಡ್ ಬಾ."

ಅಂಗಡಿ ಅಂದರೆ ಆರಡಿ ಅಗಲದ ಮಳಿಗೆ. ಮೇಲೆ ಮಿಕ್ಸಿ ಜಾರುಗಳು ನೇತಾಡುತ್ತಿವೆ, ಕೆಳಗೆ ಗ್ರೈಂಡರೊಂದು ಹೊಟ್ಟೆ ಬಿಚ್ಚಿಕೊಂಡು ಕೂತಿದೆ. ಅಂಗಡಿಯವರು ಸ್ಪಂಜನ್ನು ಹಿಚುಕಿ ನೋಡಿ ಪಕ್ಕಕ್ಕೆ ಎಸೆದರು. ಪ್ಲಾಸ್ಟಿಕ್ ಫ್ರೇಮನ್ನು ಮಾತ್ರ ತಿರುಗಿಸಿ ತಿರುಗಿಸಿ ನೋಡಿದರು. "ಫ್ರೇಮ್ ಗಟ್ಟಿಯಾಗೈತೆ ಸಾರ್, ಇದನ್ಯಾಕೆ ಬದಲಾಯಿಸ್ತೀರಿ?" ಒಳಗಿನಿಂದ ಕಪ್ಪು ಫೋಮ್ ಶೀಟಿನ ಎರಡು ಸುರುಳಿ ತಂದರು. ಒಂದರ ತೂತು ದೊಡ್ಡದು, ಇನ್ನೊಂದರದು ಸಣ್ಣದು. ಸಣ್ಣದರ ಮೇಲೆ ಫ್ರೇಮ್ ಇಟ್ಟು ಬಾಲ್‌ಪೆನ್ನಿನಲ್ಲಿ ಸುತ್ತ ಗೆರೆ ಎಳೆದರು. ಕತ್ತರಿ ಓಡಿಸಿದ್ದು ಗೆರೆಯ ಮೇಲಲ್ಲ, ಗೆರೆಯಿಂದ ಒಂದು ಚೂರು ಹೊರಗೆ. "ಬಿಗಿಯಾಗಿ ಕೂರಬೇಕು. ಸಂದೀಲಿ ಗಾಳಿ ನುಗ್ಗಿದ್ರೆ ಧೂಳೂ ನುಗ್ತದೆ." ಕೇಳದೆಯೇ ಇನ್ನೊಂದನ್ನೂ ಕತ್ತರಿಸಿದರು. "ಒಂದು ತೊಳ್ದು ಹಾಕಿದಾಗ ಇನ್ನೊಂದು ಬೇಕಲ್ಲ. ಮಳೆಗಾಲದಲ್ಲಿ ಯಾವ ಕಾಲಕ್ಕೆ ಒಣಗ್ತದೋ." ಎರಡಕ್ಕೂ ಸೇರಿ ಅರವತ್ತು ರೂಪಾಯಿ.

ಖುಷಿಯಾಯಿತು. ಆಮೇಲೆ ಸ್ವಲ್ಪ ಹೊಟ್ಟೆಯೂ ಉರಿಯಿತು. ಯಾಕೆಂದರೆ ಊರಿಗೆ ಹೊರಡುವ ಸ್ವಲ್ಪ ಮುಂಚೆ ತಾನೇ ನನ್ನ ಮನೆಯ ಮಷಿನ್‌ಗೆ 'ಪರಿಸರಸ್ನೇಹಿ' ಫಿಲ್ಟರ್ ಸೆಟ್ ಅಂತ ಇಪ್ಪತ್ತು ಚಿಲ್ಲರೆ ಯೂರೋ ಕೊಟ್ಟು ಬಂದಿದ್ದೆ.

ನಾನಿರುವುದು ಜರ್ಮನಿಯ ಸ್ಟಟ್‌ಗಾರ್ಟ್‌ನಲ್ಲಿ. ಕಸ ಗುಡಿಸುವ ವಿಷಯದಲ್ಲಿ ಆ ಊರಿನವರ ಹತ್ತಿರ ಮಾತಾಡುವ ಹಾಗೇ ಇಲ್ಲ. ಮೆಟ್ಟಿಲು, ಅಂಗಳ ಗುಡಿಸಲು ಮನೆ ಮನೆಗೂ ವಾರದ ಪಾಳಿ. ನಿಮ್ಮ ವಾರ ಬಂದರೆ ಬಾಗಿಲಿಗೆ ಒಂದು ಫಲಕ ತೂಗುತ್ತದೆ. ನಮ್ಮಲ್ಲಿ ದೀಪ ಹಚ್ಚಿದ ಮೇಲೆ ಪೊರಕೆ ಮುಟ್ಟುವಂತಿಲ್ಲ, ಅಲ್ಲಿ ಭಾನುವಾರ ವ್ಯಾಕ್ಯೂಮ್ ಹಾಕುವಂತಿಲ್ಲ. ನಮಗೆ ಲಕ್ಷ್ಮಿಯ ಭಯ, ಅವರಿಗೆ ಕೆಳಗಿನ ಮನೆ ಅಜ್ಜಿಯ ಭಯ. ಅಷ್ಟೇ ವ್ಯತ್ಯಾಸ.

ಕಸದ ವಿಷಯದಲ್ಲಿ ಇಷ್ಟು ಶಿಸ್ತಿನ ಜನ ಫಿಲ್ಟರ್ ಕೊಳ್ಳುವ ರೀತಿ ನೋಡಬೇಕು. ಅಂಗಡಿಯ ಒಂದು ಇಡೀ ಸಾಲು ಅದಕ್ಕೇ ಮೀಸಲು. ಅರ್ಧ ಡಬ್ಬಿಗಳ ಮೇಲೆ ಹಸಿರು ಎಲೆಯ ಚಿತ್ರ. ನಾನು ತಂದದ್ದರ ರಟ್ಟು ಮರುಬಳಕೆಯ ಕಾಗದದ್ದು, ಅದನ್ನು ದೊಡ್ಡದಾಗಿ ಬರೆದಿದ್ದರು. ರಟ್ಟಿನೊಳಗೆ ಪ್ಲಾಸ್ಟಿಕ್ ಚೀಲ. ಚೀಲದೊಳಗೆ ಪ್ಲಾಸ್ಟಿಕ್ ಫ್ರೇಮು, ಅದಕ್ಕೆ ಅಂಟು ಹಾಕಿ ಕೂರಿಸಿದ ಫೋಮು, ಇನ್ನೊಂದು ಫ್ರೇಮಿಗೆ ಅಂಟಿಸಿದ ನೆರಿಗೆಯ ಬಿಳಿ ಫಿಲ್ಟರು. ಹಳೆಯದನ್ನು ತೆಗೆದು ನೋಡಿದರೆ ಅದರ ಫ್ರೇಮಿಗೆ ಒಂದು ಗೀರೂ ಬಿದ್ದಿಲ್ಲ. ಆದರೆ ಫೋಮ್ ಬಿಡಿಸಲು ಬರುವುದಿಲ್ಲ, ಅಂಟು ಅಷ್ಟು ಗಟ್ಟಿ. ಇಡಿಯಾಗಿ, ಮರುಬಳಕೆಗೆ ಬಾರದ ಕಸ ಹಾಕುವ ಬೂದು ಡಬ್ಬಕ್ಕೆ ಹೋಯಿತು. ಸ್ಟಟ್‌ಗಾರ್ಟ್‌ನಲ್ಲಿ ಆ ಡಬ್ಬದ ಕಸ ಮ್ಯುನ್ಸ್ಟರ್ ಅನ್ನುವ ಬಡಾವಣೆಯ ಸ್ಥಾವರಕ್ಕೆ ಹೋಗಿ ಸುಟ್ಟು ಬಿಸಿನೀರು, ಕರೆಂಟು ಆಗುತ್ತದೆ. ಸುಮ್ನೆ ಗುಡ್ಡೆ ಹಾಕುವುದಕ್ಕಿಂತ ವಾಸಿ ನಿಜ. ಆದರೆ ಗಟ್ಟಿಮುಟ್ಟಾಗಿದ್ದ ಪ್ಲಾಸ್ಟಿಕ್ಕನ್ನು ಸುಟ್ಟು ನೀರು ಕಾಯಿಸುವುದಕ್ಕೆ ಎಲೆ ಚಿತ್ರ ಯಾಕೆ?

ಈ ಎಲೆ ಚಿತ್ರದ ಕಾಟ ಸರ್ಕಾರಗಳಿಗೂ ಗೊತ್ತಾಗಿದೆ. ಪುರಾವೆ ಇಲ್ಲದೆ 'ಪರಿಸರಸ್ನೇಹಿ', 'ಹಸಿರು' ಅಂತ ಬರೆದುಕೊಳ್ಳಬಾರದು ಎಂದು ಯುರೋಪ್ ಒಕ್ಕೂಟ 2024ರಲ್ಲಿ ಕಾನೂನು ಮಾಡಿತು. ಅದು ಅನ್ವಯವಾಗುವುದು 2026ರ ಸೆಪ್ಟೆಂಬರ್‌ನಿಂದ. ನಮ್ಮ ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರವೂ 2024ರ ಅಕ್ಟೋಬರ್‌ನಲ್ಲಿ ಇಂಥದ್ದೇ ಮಾರ್ಗಸೂಚಿ ಹೊರಡಿಸಿದೆ. ಒಳ್ಳೆಯದೇ. ಆದರೆ ಡಬ್ಬಿಯ ಮೇಲಿನ ಮಾತು ತಿದ್ದಿದ ಮಾತ್ರಕ್ಕೆ ಒಳಗಿನ ಅಂಟು ಬಿಡುವುದಿಲ್ಲ, ಅಲ್ವಾ?

ಹಾಗಾಗಿ ಪರಿಸರಕ್ಕೆ ಒಳ್ಳೆಯ ಫಿಲ್ಟರ್ ಯಾವುದು ಅಂತ ಯಾರಾದರೂ ಕೇಳಿದರೆ ನಾನು ಡಬ್ಬಿ ಓದಬೇಡಿ ಅನ್ನುತ್ತೇನೆ. ಕೈಗೆ ತಗೊಂಡು ನೋಡಿ. ಫ್ರೇಮ್ ಬೇರೆ, ಒಳಗಿನದು ಬೇರೆ ಆಗಿ ಬಿಚ್ಚುತ್ತದೆಯಾ? ಒಳಗಿನದು ಮಾತ್ರ ಸಿಗುತ್ತದೆಯಾ? ತೊಳೆಯಬಹುದು ಅಂತ ತಯಾರಿಸಿದವರೇ ಬರೆದಿದ್ದಾರಾ? ಇಷ್ಟಕ್ಕೂ ಹೌದು ಅಂದರೆ ಎಲೆ ಇಲ್ಲದಿದ್ದರೂ ತಗೊಳ್ಳಿ. ತೊಳೆಯುವ ಫೋಮಿಗೆ ಬರೀ ತಣ್ಣೀರು ಸಾಕು, ಸೋಪು ಬೇಡ. ಹಿಂಡಿ, ಕಡಿಮೆಯೆಂದರೂ ಒಂದು ದಿನ ಪೂರ್ತಿ ನೆರಳಲ್ಲಿ ಒಣಗಿಸಿ. ಹಸಿಯಾಗಿ ಹಾಕಿದರೆ ಮುಗ್ಗಲು ವಾಸನೆ ಮನೆಯೆಲ್ಲಾ ಹರಡುತ್ತದೆ, ಮೋಟಾರಿಗೂ ಕೇಡು. ಕಟ್ಟಿಕೊಂಡ ಫಿಲ್ಟರಿನಲ್ಲೇ ಎಳೆಯುತ್ತಾ ಇದ್ದರೆ ಗಾಳಿ ಸಾಲದೆ ಮೋಟಾರು ಬಿಸಿಯಾಗುತ್ತದೆ, ಒಂದು ರೂಮಿಗೆ ಎರಡು ರೂಮಿನ ಹೊತ್ತು ಹಿಡಿಯುತ್ತದೆ. ಹೊಸದು ಕೊಳ್ಳದೆ ಉಳಿಸಿದ್ದು ಕರೆಂಟಿನಲ್ಲಿ ಹೋಗುತ್ತದೆ.

ಮಷಿನ್‌ನೊಳಗೆ ಧೂಳು ತುಂಬುವ ಚೀಲದ ಕಥೆಯೂ ಹೀಗೇ. ಕಾಗದದ ಚೀಲ ಮಣ್ಣಲ್ಲಿ ಕರಗುತ್ತದೆ, ಅದೇ ಒಳ್ಳೆಯದು ಅಂತ ಮೊದಲು ಅನಿಸುತ್ತದೆ. ಅದು ಬೇಗ ಕಟ್ಟಿಕೊಳ್ಳುತ್ತದೆ, ಹರಿಯುತ್ತದೆ. ಕೃತಕ ನಾರಿನ ಚೀಲ ಜಾಸ್ತಿ ಧೂಳು ಹಿಡಿಯುತ್ತದೆ, ಆದರೆ ಅದು ಪ್ಲಾಸ್ಟಿಕ್ಕೇ. ಇನ್ನು ಕಾಗದದ ಚೀಲವಾದರೂ ಅದರೊಳಗಿನ ಧೂಳಿನಲ್ಲಿ ಕಾರ್ಪೆಟ್ಟಿನ ನೈಲಾನು, ಬಟ್ಟೆಯ ಪಾಲಿಯೆಸ್ಟರ್ ನಾರು ತುಂಬಿರುತ್ತದಲ್ಲ, ಅದನ್ನು ಜರ್ಮನಿಯಲ್ಲಿ ಗೊಬ್ಬರದ ಡಬ್ಬಕ್ಕೆ ಹಾಕುವ ಹಾಗಿಲ್ಲ. ಅಕ್ಕನ ಮಷಿನ್‌ನಲ್ಲಿರುವುದು ಬಟ್ಟೆಯ ಚೀಲ. ಜಿಪ್ ಕಿತ್ತುಹೋದಾಗ ಟೈಲರ್ ಹತ್ತಿರ ಹೊಸ ಜಿಪ್ ಹಾಕಿಸಿದ್ದಾಳೆ, ಹರಿದ ಮೂಲೆಗೆ ತೇಪೆ ಹಾಕಿಸಿದ್ದಾಳೆ. ಭಾವನ ಹಳೇ ಪ್ಯಾಂಟಿನ ಬಟ್ಟೆ ಅದು, ಬಣ್ಣ ನೋಡಿದರೇ ಗೊತ್ತಾಗುತ್ತದೆ.

ನನಗೆ ನಗು ಬರುವುದು ಇನ್ನೊಂದಕ್ಕೆ. ಯುರೋಪಿನಲ್ಲಿ ಈಗ ರಿಪೇರಿ ಕೆಫೆ ಅಂತ ಒಂದಿದೆ. 2009ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಶುರುವಾಗಿ ಊರೂರಿಗೆ ಹಬ್ಬಿದೆ. ಜನ ಕೆಟ್ಟ ಟೋಸ್ಟರು, ದೀಪ, ವ್ಯಾಕ್ಯೂಮ್ ಹೊತ್ತು ತರುತ್ತಾರೆ. ಕೆಲಸ ಬಲ್ಲ ಹಿರಿಯರು ಪುಕ್ಕಟೆಯಾಗಿ ಸರಿ ಮಾಡಿಕೊಡುತ್ತಾರೆ, ಪಕ್ಕದಲ್ಲಿ ಕೇಕು, ಕಾಫಿ. ನಾನೂ ಹೋಗಿದ್ದೇನೆ. ತುಂಬಾ ಒಳ್ಳೆಯ ಜನ. ಫ್ರೇಮಿನಿಂದ ಫೋಮ್ ಬಿಡಿಸಲು ಒಬ್ಬರು ಅರ್ಧ ಗಂಟೆ ಹೆಣಗಿದರು. ಕೊನೆಗೆ, ಹೊಸದು ತಗೊಳ್ಳೋದೇ ಸುಲಭ ಅಂತ ಬೇಜಾರಿನಲ್ಲಿ ಹೇಳಿದರು. ತಿಂಗಳಿಗೊಂದು ಶನಿವಾರ ಸಭಾಂಗಣದಲ್ಲಿ ಚಳವಳಿಯ ಹಾಗೆ ನಡೆಯುವುದು ಹಾಸನದಲ್ಲಿ ಭಾನುವಾರ ಬಿಟ್ಟು ದಿನಾ ನಡೆಯುತ್ತದೆ. ಅದಕ್ಕೆ ಬೋರ್ಡಿಲ್ಲ, ಚಳವಳಿ ಅಂತ ಹೆಸರಿಲ್ಲ. ಕೇಕಿಲ್ಲ, ಪಕ್ಕದ ಅಂಗಡಿಯ ಅರ್ಧ ಟೀ ಇದೆ. ನಮ್ಮವರು ಅದನ್ನು ಬಡತನ ಅಂದುಕೊಂಡಿದ್ದಾರೆ ಅನ್ನುವುದೇ ನನ್ನ ಸಿಟ್ಟು. ಅಕ್ಕನ ಮಗ ಇಂಜಿನಿಯರಿಂಗ್ ಓದುತ್ತಿದ್ದಾನೆ. "ಮಾಮ, ಅದನ್ನ ಎಕ್ಸ್‌ಚೇಂಜ್ ಆಫರ್‌ಗೆ ಹಾಕಿ ಹೊಸದು ತಗೊಳ್ಳೋಣ, ಅದೇನ್ ಸ್ಪಂಜ್ ಕಟ್ ಮಾಡಿಸ್ಕೊಂಡ್ ಬಂದಿದ್ದೀರಾ" ಅಂತ ನಗುತ್ತಾನೆ. ಅವನ ವಯಸ್ಸಿನ ಜರ್ಮನ್ ಹುಡುಗರು ಅದೇ ಸ್ಪಂಜ್ ಕತ್ತರಿಸಿ ಫೋಟೋ ಹಾಕಿ ಹೆಮ್ಮೆ ಪಡುತ್ತಾರೆ.

ಹೊಸ ಮಷಿನ್ ಅಂದಾಗ ನಮ್ಮಲ್ಲಿ ಮೊದಲ ಪ್ರಶ್ನೆ ಎಷ್ಟು ವ್ಯಾಟು ಅಂತ. ಜಾಸ್ತಿ ವ್ಯಾಟ್ ಇದ್ದರೆ ಜಾಸ್ತಿ ಎಳೆಯುತ್ತದೆ ಅಂತ ಮಾರುವವರೂ ಹೇಳುತ್ತಾರೆ. ಯುರೋಪಿನಲ್ಲಿ 2017ರ ಸೆಪ್ಟೆಂಬರ್‌ನಿಂದ ಮನೆ ಬಳಕೆಯ ವ್ಯಾಕ್ಯೂಮ್ 900 ವ್ಯಾಟ್ ಮುಟ್ಟುವ ಹಾಗಿಲ್ಲ. ಮೋಟಾರು ಕನಿಷ್ಠ 500 ಗಂಟೆ ಬಾಳಬೇಕು ಅಂತಲೂ ನಿಯಮ. ನನ್ನದು ಅಂಥದ್ದೇ, ಕಾರ್ಪೆಟ್ಟಿನಲ್ಲಿ ಸಿಕ್ಕಿದ ಅಕ್ಕಿ ಕಾಳನ್ನೂ ಬಿಡುವುದಿಲ್ಲ.

ಇಲ್ಲಿಗೆ ನಿಲ್ಲಿಸಿದ್ದರೆ ಹಾಸನಕ್ಕೆ ಪೂರ್ತಿ ಜಯ. ಆದರೆ ಮಷಿನ್‌ನ ಹಿಂಭಾಗದಲ್ಲಿ ಗಾಳಿ ಹೊರಹೋಗುವ ಕಡೆ ಇನ್ನೊಂದು ಫಿಲ್ಟರ್ ಇರುತ್ತದೆ. ಆ ನೆರಿಗೆಯ ಬಿಳಿಯದು, ಹೆಪಾ. ಅದರ ಬಗ್ಗೆ ಒಪ್ಪಿಕೊಳ್ಳಲೇಬೇಕಾದದ್ದು ಇದೆ.

ಸ್ಪಂಜು ಕಾಯುವುದು ಮೋಟಾರನ್ನು. ಕೂದಲು, ಜುಂಗು, ಮರಳು ತಡೆಯುತ್ತದೆ. ಕಣ್ಣಿಗೆ ಕಾಣದ ಧೂಳು ಅದರ ತೂತಿನಲ್ಲಿ ಆರಾಮಾಗಿ ಹೋಗುತ್ತದೆ, ಹಿಂದಿನಿಂದ ಮತ್ತೆ ರೂಮಿಗೇ ಬರುತ್ತದೆ. ಅದನ್ನು ಹಿಡಿಯುವುದು ಹೆಪಾ. ಯುರೋಪಿನ ಲೆಕ್ಕದಲ್ಲಿ ಎಚ್13 ದರ್ಜೆಯದು, ಹಿಡಿಯಲು ಎಲ್ಲಕ್ಕಿಂತ ಕಷ್ಟವಾದ ಗಾತ್ರದ ಕಣಗಳಲ್ಲೂ 99.95 ಶೇಕಡಾ ಹಿಡಿಯಬೇಕು. ಕೆಲವು ಗಾಜಿನ ನಾರಿನ ಕಾಗದದವು, ಕೆಲವು ಎನ್95 ಮಾಸ್ಕಿನಲ್ಲಿರುವಂಥ ವಿದ್ಯುತ್ ತುಂಬಿದ ಪ್ಲಾಸ್ಟಿಕ್ ನಾರಿನವು. ಕಾಗದದ್ದು ನೀರಿಗೆ ಹಾಳಾಗುತ್ತದೆ. ಪ್ಲಾಸ್ಟಿಕ್ ನಾರಿನದು ಸೋಪಿಗೆ ಸೊರಗುತ್ತದೆ. ತೊಳೆಯಬಹುದು ಅಂತ ಬರೆದಿದ್ದರೆ ಮಾತ್ರ ತೊಳೆಯಬೇಕು. ಅಕ್ಕ ತನ್ನದನ್ನು ಸೋಪಿನ ಪುಡಿಯಲ್ಲಿ ನೆನೆಸಿ ಬಟ್ಟೆ ಬ್ರಷ್ಷಿನಲ್ಲಿ ಉಜ್ಜಿದ್ದಾಳೆ. ನೆರಿಗೆಯ ಏಣಿನಲ್ಲಿ ಉದ್ದಕ್ಕೆ ಸೀಳು. ರಿಪೇರಿ ಅಂಗಡಿಯಲ್ಲಿ ಕೇಳಿದರೆ, "ಅದು ಬ್ಯಾಡ ಸಾರ್, ತೆಗೆದಾಕಿ, ಎಳೆಯೋದು ಇನ್ನೂ ಜಾಸ್ತಿ ಆಯ್ತದೆ" ಅಂದರು. ಎಳೆತ ಜಾಸ್ತಿಯಾಗುವುದು ನಿಜವೇ. ಭಾವನ ಉಬ್ಬಸವೂ ಜಾಸ್ತಿಯಾಗುತ್ತದೆ.

ಬಟ್ಟೆಯ ಚೀಲವನ್ನೂ ಯಾರೋ ಖಾಲಿ ಮಾಡಬೇಕಲ್ಲ. ಅಕ್ಕನ ಮನೆಯಲ್ಲಿ ಕೆಲಸಕ್ಕೆ ಬರುವವರು ತಾರಸಿಗೆ ಹೋಗಿ, ಸೆರಗನ್ನು ಮೂಗಿಗೆ ಕಟ್ಟಿಕೊಂಡು, ಗೋಡೆಗೆ ಬಡಿಯುತ್ತಾರೆ. ಧೂಳಿನ ಮೋಡ ಏಳುತ್ತದೆ. ಆ ಪಾಲಿಯೆಸ್ಟರ್ ನಾರೆಲ್ಲ ಕೊನೆಗೆ ಹಿತ್ತಲಿನ ತೆಂಗಿನ ಬುಡಕ್ಕೆ. ನನ್ನ ಸ್ಟಟ್‌ಗಾರ್ಟಿನ ಚೀಲಕ್ಕೆ ಬಾಯಿ ಮುಚ್ಚುವ ಮುಚ್ಚಳವಿದೆ. ತೆಗೆದರೆ ಒಂದು ಚಿಟಿಕೆ ಧೂಳು ಹೊರಗೆ ಬರುವುದಿಲ್ಲ. ನನ್ನ ಮಗಳಿಗೆ ಧೂಳಿನ ಅಲರ್ಜಿ ಇರುವುದರಿಂದ ಆ ಮುಚ್ಚಳದ ಬೆಲೆ ನನಗೆ ಗೊತ್ತು. ಬಿಸಾಡುವ ಚೀಲವೇ ಇರಲಿ ಅಂತ ಅವಳಿಗೋಸ್ಕರ ನಾನೂ ಬಳಸುತ್ತಿದ್ದೇನೆ.

ಇನ್ನೊಂದು. ಅಲ್ಲಿ ಹಳೇ ಮಷಿನ್‌ಗೂ ಬೇರೆ ಕಂಪನಿಯವರು ಮಾಡಿದ ಚೀಲ, ಫಿಲ್ಟರ್ ಸಿಗುತ್ತದೆ. ಮಾಡೆಲ್ ನಂಬರ್ ಹೇಳಿದರೆ ಸಾಕು. ಹಾಸನದಲ್ಲಿ ಅಕ್ಕನ ಹೆಪಾಗೆ ನಾವು ಮೂರು ಅಂಗಡಿ ಅಲೆದೆವು. ಎಲ್ಲ ಕಡೆಯೂ ಹೊಸ ಮಷಿನ್ ತೋರಿಸಿದರೇ ಹೊರತು ಫಿಲ್ಟರ್ ತೋರಿಸಲಿಲ್ಲ. ಕತ್ತರಿಯಿಂದ ಆಗುವಷ್ಟು ಕೆಲಸವನ್ನು ನಮ್ಮವರು ಎಲ್ಲರಿಗಿಂತ ಚೆನ್ನಾಗಿ ಮಾಡುತ್ತಾರೆ. ಕತ್ತರಿಗೆ ಆಗದ್ದನ್ನು ಮಾರುವವರೇ ಇಲ್ಲ.

ಈಗ ಬೇರೆ ಮಷಿನ್‌ನ ಹೆಪಾ ತಗೊಂಡು ಅಕ್ಕನ ಫ್ರೇಮಿಗೆ ಕೂರಿಸಬಹುದಾ ಅಂತ ನೋಡುತ್ತಿದ್ದೇನೆ. ಉದ್ದ, ಅಗಲ, ದಪ್ಪ ಸರಿಯಾಗಿದ್ದು, ಅಂಚಿಗೆ ಸುತ್ತ ರಬ್ಬರ್ ಪಟ್ಟಿ ಕೂತರೆ ಆಗಬಹುದು. ಸಂದಿಯಲ್ಲಿ ಗಾಳಿ ನುಗ್ಗಿದರೆ ಹೆಪಾ ಹಾಕಿಯೂ ದಂಡ. ಸ್ಕೇಲ್ ಇಟ್ಟು ಅಳತೆ ಕಳಿಸು ಅಂತ ಅಕ್ಕನಿಗೆ ಹೇಳಿದ್ದೇನೆ. ಅವಳು ಆಷಾಢ ಕಳೀಲಿ ತಡಿ ಅನ್ನುತ್ತಾಳೆ. ಭಾವ ಕದ್ದು ಅಳೆದು ಕಳಿಸಿದರು, ಸೆಂಟಿಮೀಟರೋ ಇಂಚೋ ಅಂತ ಬರೆದಿಲ್ಲ.