ಪ್ರೊಡ್ಯೂಸರ್ ಅಂದ್ರೆ ಬರೀ ದುಡ್ಡು ಹಾಕೋನಾ?

ನಿನ್ನೆ ಒಂದು ಕಡೆ ‘ದ ಸ್ಪಿರಿಟ್ ಆಫ್ ದ ಬೀಹೈವ್’ ಹಾಕಿದ್ದರು. 1973ರ ಸ್ಪ್ಯಾನಿಷ್ ಚಿತ್ರ. ಮುಗಿದ ಮೇಲೆ ಚರ್ಚೆ. ಹಿರಿಯರೊಬ್ಬರು ನಿರ್ದೇಶಕ ವಿಕ್ಟರ್ ಎರಿಸೆ ಬಗ್ಗೆ ಕೊರೆದದ್ದೇ ಕೊರೆದದ್ದು. ಇರಲಿ, ಎರಿಸೆ ದೊಡ್ಡವರೇ. ಆದರೆ ಹಿಂದಿನ ಸಾಲಿನ ಹುಡುಗಿಯೊಬ್ಬಳು "ಸರ್, ಪ್ರೊಡ್ಯೂಸರ್ ಯಾರು?" ಅಂತ ಕೇಳಿದ್ದಕ್ಕೆ ಬಂದ ಉತ್ತರ ಇದು: "ಯಾರೋ ದುಡ್ಡು ಹಾಕಿರ್ತಾರೆ, ಬಿಡಮ್ಮ."

ಮೈ ಉರಿದುಹೋಯಿತು. ನಾನಿರುವುದೂ ಸಿನಿಮಾ ಪ್ರೊಡಕ್ಷನ್ ಕೆಲಸದಲ್ಲೇ. ಜನರೇಟರ್ ಕೆಟ್ಟರೂ ನನ್ನನ್ನೇ ಕರೀತಾರೆ, ಸೆಟ್ಟಿನಲ್ಲಿ ಅನ್ನ ಸಾಲದಿದ್ದರೂ ನನ್ನನ್ನೇ ಬೈತಾರೆ.

ಆ ‘ಯಾರೋ’ಗೆ ಒಂದು ಹೆಸರಿದೆ. ಎಲಿಯಾಸ್ ಕೆರೆಹೇತಾ. 1934ರಲ್ಲಿ ಉತ್ತರ ಸ್ಪೇನಿನ ಬಾಸ್ಕ್ ಸೀಮೆಯ ಎರ್ನಾನಿಯಲ್ಲಿ ಹುಟ್ಟಿದವರು. ಮೊದಲು ರಿಯಲ್ ಸೊಸಿಯೆದಾದ್ ತಂಡದಲ್ಲಿ ಫುಟ್‌ಬಾಲ್ ಆಡುತ್ತಿದ್ದರು. ಅದನ್ನು ಬಿಟ್ಟು ಸಿನಿಮಾಕ್ಕೆ ಬಂದರು, ಅದೂ ಅಂತರ್ಯುದ್ಧ ಗೆದ್ದು ಸ್ಪೇನನ್ನು ಆಳುತ್ತಿದ್ದ ಸರ್ವಾಧಿಕಾರಿ ಫ್ರಾಂಕೋ ಕಾಲದಲ್ಲಿ. ಸೆನ್ಸಾರಿನವರು ಸ್ಕ್ರಿಪ್ಟ್ ಓದಿ ತಲೆಯಾಡಿಸಿದ ಮೇಲೆಯೇ ಶೂಟಿಂಗ್. ಆ ಯುದ್ಧದ ಬಗ್ಗೆ ಮನಸ್ಸಿಗೆ ಬಂದಂತೆ ಮಾತಾಡುವ ಹಾಗಿಲ್ಲ. ಅಂಥದ್ದರಲ್ಲಿ ನಿರ್ದೇಶಕ ಕಾರ್ಲೋಸ್ ಸೌರಾ ಜೊತೆ ‘ಲಾ ಕಾಸಾ’ ಮಾಡಿದರು. ಮೊಲದ ಬೇಟೆಗೆ ಹೋದವರು ಕೊನೆಗೆ ಒಬ್ಬರನ್ನೊಬ್ಬರು ಕೊಂದುಕೊಳ್ಳುವ ಕಥೆ. ಯಾವ ಯುದ್ಧದ ನೆರಳು ಅಂತ ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. 1966ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ ಸಿಕ್ಕಿತು. ಹೊರದೇಶದಲ್ಲಿ ಹೆಸರು ಮಾಡಿದ ಸಿನಿಮಾವನ್ನು ಒಳಗೆ ಹಿಸುಕುವುದು ಸರ್ಕಾರಕ್ಕೂ ಕಷ್ಟ. ಈ ದಾರಿಯನ್ನು ಅವರು ಚೆನ್ನಾಗಿ ಬಳಸಿಕೊಂಡರು. ಇದು ಚೆಕ್ ಬರೆಯುವ ಕೆಲಸವಾ?

ಇದೇ ಜೋಡಿಯ 1974ರ ‘ಲಾ ಪ್ರಿಮಾ ಆನ್ಹೆಲಿಕಾ’ ನೋಡಿ. ಅದರಲ್ಲಿ ಫ್ರಾಂಕೋ ಕಡೆಯ ಫ್ಯಾಸಿಸ್ಟ್ ಪಕ್ಷ ಫ್ಯಾಲಂಜ್‌ನವನೊಬ್ಬನ ಕೈ ಮುರಿದಿರುತ್ತದೆ. ಪ್ಲಾಸ್ಟರ್ ಹಾಕಿದ ಆ ಕೈ ಫ್ಯಾಸಿಸ್ಟ್ ಸೆಲ್ಯೂಟ್ ಹೊಡೆದ ಹಾಗೇ ಮೇಲೆ ನಿಂತಿರುತ್ತದೆ! ನಾನಂತೂ ಬಿದ್ದು ಬಿದ್ದು ನಕ್ಕಿದ್ದೇನೆ. ಅಲ್ಲಿನ ಬಲಪಂಥೀಯರಿಗೆ ಮಾತ್ರ ನಗು ಬರಲಿಲ್ಲ. ಬಾರ್ಸಿಲೋನಾದಲ್ಲಿ ಚಿತ್ರ ನಡೆಯುತ್ತಿದ್ದ ಬಾಲ್ಮೆಸ್ ಥಿಯೇಟರಿಗೇ ಬೆಂಕಿ ಬಾಂಬ್ ಹಾಕಿದರು. ಕೆರೆಹೇತಾ ಆ ದೃಶ್ಯ ಕತ್ತರಿಸಲು ಒಪ್ಪಲಿಲ್ಲ. ಬರೀ ದುಡ್ಡು ಹಾಕಿದವನಾಗಿದ್ದರೆ ಕತ್ತರಿ ತಾನೇ ತಂದುಕೊಡುತ್ತಿದ್ದ.

ಇನ್ನು ನಿನ್ನೆ ಎಲ್ಲರೂ ‘ಆಹಾ’ ಅಂದ ಆ ಜೇನು ಬಣ್ಣದ ಬೆಳಕು. ಅದು ಛಾಯಾಗ್ರಾಹಕ ಲೂಯಿಸ್ ಕ್ವಾದ್ರಾದೋ ಕೆಲಸ. ಆ ಹೊತ್ತಿಗೆ ಅವರ ಕಣ್ಣು ಮಂಜಾಗುತ್ತಾ ಬಂದಿತ್ತು. ಎಡಿಟಿಂಗ್ ಪಾಬ್ಲೋ ದೆಲ್ ಆಮೋ, ಸಂಗೀತ ಲೂಯಿಸ್ ದೆ ಪಾಬ್ಲೋ. ನಿರ್ದೇಶಕರು ಬದಲಾದರೂ ಇಂಥವರನ್ನು ಚಿತ್ರದಿಂದ ಚಿತ್ರಕ್ಕೆ ಜೊತೆಯಲ್ಲೇ ಇಟ್ಟುಕೊಂಡು ಬಂದವರು ಆ ‘ಯಾರೋ’.

ಗೊತ್ತು, ಈಗ ಯಾರಾದರೂ ‘ಎಲ್ ಸುರ್’ (ಅಂದ್ರೆ ‘ದಕ್ಷಿಣ’) ಅನ್ನುತ್ತಾರೆ. 1983. ಎರಿಸೆ ಅವರದೇ ಚಿತ್ರ. ದಕ್ಷಿಣ ಸ್ಪೇನಿನ ಆಂಡಲೂಸಿಯಾದಲ್ಲಿ ನಡೆಯುವ ಭಾಗ ಶೂಟ್ ಆಗುವ ಮೊದಲೇ ಕೆರೆಹೇತಾ ಕೆಲಸ ನಿಲ್ಲಿಸಿಬಿಟ್ಟರು. ಇದ್ದಷ್ಟೇ ಚಿತ್ರ ಕಾನ್ ಚಿತ್ರೋತ್ಸವಕ್ಕೆ ಹೋಯಿತು. ಎರಿಸೆ ಪಾಲಿಗೆ ಅದು ಇವತ್ತಿಗೂ ಅರ್ಧ ಸಿನಿಮಾ. ಅವರ ನೋವು ನಿಜ, ಒಪ್ಪುತ್ತೇನೆ. ಆದರೆ ದಕ್ಷಿಣಕ್ಕೆ ಹೊರಟ ಹುಡುಗಿಯ ಮೇಲೆ ಚಿತ್ರ ಮುಗಿಯುತ್ತದೆ, ದಕ್ಷಿಣ ನಮಗೆ ಕಾಣುವುದೇ ಇಲ್ಲ. ನನಗದು ಕೊರತೆ ಅನಿಸಿಲ್ಲ, ಬೈಕೊಳ್ಳಿ. ತಮಾಷೆ ನೋಡಿ, ಈ ವಿಷಯ ಬಂದಾಗ ಮಾತ್ರ ಎಲ್ಲರಿಗೂ ಪ್ರೊಡ್ಯೂಸರ್ ಹೆಸರು ಬಾಯಿಪಾಠ! ಚಿತ್ರ ಗೆದ್ದರೆ ನಿರ್ದೇಶಕರದ್ದು, ನಿಂತರೆ ಪ್ರೊಡ್ಯೂಸರ್‌ದು.

ಒಂದು ಹೇಳಿಬಿಡುತ್ತೇನೆ. ನನ್ನ ಹೆಸರು ಪರದೆ ಮೇಲೆ ಬರುವಾಗ ಅಮ್ಮನಿಗೆ ತೋರಿಸೋಣ ಅಂತ ಟಿವಿ ಮುಂದೆ ಕೂರಿಸಿದ್ದೆ. ಅಷ್ಟರಲ್ಲಿ ಜಾಹೀರಾತು ಬಂತು. ಹಾಗಾಗಿ ನನ್ನ ಸಿಟ್ಟು ಸ್ವಲ್ಪ ಜಾಸ್ತಿನೇ.

ಕೆರೆಹೇತಾ 2013ರಲ್ಲಿ ತೀರಿಕೊಂಡರು. ಅದಕ್ಕೆ ಮೊದಲು, 2002ರಲ್ಲಿ, ಹಡಗು ಕಟ್ಟುವ ಕಾರ್ಖಾನೆಯಲ್ಲಿ ಕೆಲಸ ಕಳಕೊಂಡವರ ಮೇಲೆ ಫೆರ್ನಾಂದೋ ಲಿಯೋನ್ ಅವರಿಂದ ‘ಲೋಸ್ ಲೂನೆಸ್ ಅಲ್ ಸೋಲ್’ ಮಾಡಿಸಿದ್ದರು. ಆ ವರ್ಷ ಸ್ಪೇನ್ ಆಸ್ಕರ್‌ಗೆ ಕಳಿಸಿದ್ದು ಹೆಸರಾಂತ ನಿರ್ದೇಶಕ ಅಲ್ಮೊದೋವಾರ್ ಚಿತ್ರವನ್ನಲ್ಲ, ಇದನ್ನು. ಈ ವಾರವೇ ಹುಡುಕಿ ನೋಡಿ. ಆಮೇಲೆ ಕಾಮೆಂಟಿನಲ್ಲಿ ಜಗಳಕ್ಕೆ ಬನ್ನಿ, ನಾನು ಇಲ್ಲೇ ಇರುತ್ತೇನೆ.