ಬ್ರಾಡ್ಮನ್‌ಗಿಂತ ಜಾಸ್ತಿ ಸರಾಸರಿ, ಆಡಿದ್ದು ಒಂದೇ ಟೆಸ್ಟ್

ಆಸ್ಟ್ರೇಲಿಯಾದ ಡಾನ್ ಬ್ರಾಡ್ಮನ್ ಟೆಸ್ಟ್ ಬ್ಯಾಟಿಂಗ್ ಸರಾಸರಿ ಎಷ್ಟು ಅಂತ ನಿದ್ದೆಯಿಂದ ಎಬ್ಬಿಸಿ ಕೇಳಿದರೂ 99.94 ಅನ್ನುವವರಿದ್ದಾರೆ. 1948ರ ಆಗಸ್ಟ್‌ನಲ್ಲಿ ಕೊನೆಯ ಇನಿಂಗ್ಸ್‌ಗೆ ಇಳಿದು ಸೊನ್ನೆಗೆ ಔಟಾದ ಕಥೆಯೂ ಬಾಯಿಪಾಠ. ಅದೇ ವರ್ಷದ ಫೆಬ್ರವರಿಯಲ್ಲಿ ಟ್ರಿನಿಡಾಡ್‌ನ ಆ್ಯಂಡಿ ಗ್ಯಾಂಟೋಮ್ ವೆಸ್ಟ್ ಇಂಡೀಸ್ ಪರ ಇಂಗ್ಲೆಂಡ್ ವಿರುದ್ಧ ತನ್ನ ಮೊದಲ ಟೆಸ್ಟ್ ಆಡಿದ. 112 ಹೊಡೆದ. ಆಮೇಲೆ ಅವನನ್ನು ಟೆಸ್ಟ್ ಆಡಿಸಲೇ ಇಲ್ಲ. ಸರಾಸರಿ 112!

ಕ್ವಿಜ್‌ನವರಿಗೆ ಇದು ಒಳ್ಳೆ ಪ್ರಶ್ನೆ. ನನಗೆ ಮಾತ್ರ ಹೊಟ್ಟೆ ಉರಿಯುತ್ತದೆ.

ಅವನಿಗೆ ಆಗ 27 ವರ್ಷ. ಟ್ರಿನಿಡಾಡ್ ಪರ ಫುಟ್‌ಬಾಲ್ ಕೂಡ ಆಡಿದವನು. ಓಪನರ್ ಸ್ಟೋಲ್ಮೇಯರ್ ಗಾಯಗೊಂಡಿದ್ದರಿಂದ ಜಾಗ ಸಿಕ್ಕಿತು. ತಮಾಷೆ ನೋಡಿ, ಆ ಕಡೆ ಇಂಗ್ಲೆಂಡ್‌ಗೂ ಗಾಯಾಳುಗಳ ಕಾಟ. ಅವರು ಬಿಲ್ಲಿ ಗ್ರಿಫಿತ್ ಎಂಬ ವಿಕೆಟ್‌ಕೀಪರ್‌ನನ್ನು ಓಪನಿಂಗ್‌ಗೆ ತಳ್ಳಿದರು. ಅವನಿಗೂ ಅದು ಮೊದಲ ಟೆಸ್ಟ್, ಅವನೂ 140 ಹೊಡೆದ!

ಗ್ಯಾಂಟೋಮ್ ಮತ್ತು ಜಾರ್ಜ್ ಕ್ಯಾರೂ ಮೊದಲ ವಿಕೆಟ್‌ಗೆ 173 ಸೇರಿಸಿದರು. ಕ್ಯಾರೂ 107 ಮಾಡಿ ಹೋದ. ಗ್ಯಾಂಟೋಮ್ ತನ್ನ ಪಾಡಿಗೆ ತಾನು ಆಡುತ್ತಾ ಶತಕದ ಹತ್ತಿರ ಬಂದ. ಅಷ್ಟರಲ್ಲಿ ಪೆವಿಲಿಯನ್‌ನಿಂದ ಚೀಟಿ ಬಂತು. ಕಳಿಸಿದ್ದು ಕ್ಯಾಪ್ಟನ್ ಗೆರ್ರಿ ಗೋಮೆಜ್. ಸಮಯ ಸಾಲುತ್ತಿಲ್ಲ, ಬೇಗ ಬೇಗ ರನ್ ಬೇಕು ಅನ್ನುವುದು ಅದರ ತಾತ್ಪರ್ಯ. ಒಟ್ಟು ನಾಲ್ಕೂವರೆ ತಾಸು ಕ್ರೀಸ್‌ನಲ್ಲಿದ್ದು 112 ಮಾಡಿದ. ನಿಧಾನಿ ಅನ್ನುವ ಹಣೆಪಟ್ಟಿ ಅಂಟಿಕೊಂಡಿತು.

ಚೀಟಿ ಕಳಿಸಿದ್ದು ತಪ್ಪು ಅಂತ ನಾನು ಹೇಳುವುದಿಲ್ಲ. ಕೊನೆಗೆ ಗೆಲ್ಲಲು 141 ಬೇಕಿದ್ದಾಗ 72ಕ್ಕೆ ಆಟ ನಿಂತು ಪಂದ್ಯ ಡ್ರಾ ಆಯಿತು. ಕ್ಯಾಪ್ಟನ್‌ಗೆ ಅವಸರ ಇದ್ದಿದ್ದು ಸರಿಯೇ. ಆದರೆ ಮೊದಲ ಟೆಸ್ಟ್‌ನಲ್ಲಿ ಶತಕದ ಹೊಸ್ತಿಲಲ್ಲಿ ನಿಂತವನು ಸ್ವಲ್ಪ ಹುಷಾರಾಗಿ ಆಡದೆ ಇನ್ನೇನು ಮಾಡಬೇಕಿತ್ತು? ಬುದ್ಧಿ ಹೇಳಿ ಮುಂದಿನ ಪಂದ್ಯಕ್ಕೆ ಕರೆಯಬಹುದಿತ್ತು, ಅಲ್ವಾ?

ಕರೆಯಲಿಲ್ಲ. ಅದೇ ವರ್ಷದ ಕೊನೆಗೆ ವೆಸ್ಟ್ ಇಂಡೀಸ್ ತಂಡ ಭಾರತಕ್ಕೆ ಬಂದಾಗಲೂ ಅವನಿಲ್ಲ. ಬಣ್ಣ, ಮನೆತನ ಇವೆಲ್ಲ ಲೆಕ್ಕಕ್ಕೆ ಬರುತ್ತಿದ್ದ ಕಾಲ ಅದು. ಆ ಕಾಲದ ದೊಡ್ಡ ಬ್ಯಾಟ್ಸ್‌ಮನ್ ಜಾರ್ಜ್ ಹೆಡ್ಲಿಯಂಥ ಹೆಡ್ಲಿಯೇ ಇಂಗ್ಲೆಂಡ್ ವಿರುದ್ಧದ ಆ ಸರಣಿಯಲ್ಲಿ ಒಂದೇ ಒಂದು ಟೆಸ್ಟ್‌ಗೆ ಕ್ಯಾಪ್ಟನ್ ಆಗಿದ್ದು. ಟೆಸ್ಟ್‌ನಲ್ಲಿ ವೆಸ್ಟ್ ಇಂಡೀಸ್‌ಗೆ ಕ್ಯಾಪ್ಟನ್ ಆದ ಮೊದಲ ಕಪ್ಪು ಆಟಗಾರ ಅವನು. ಹಾಗಾಗಿ ಗ್ಯಾಂಟೋಮ್‌ನನ್ನು ಕೈಬಿಟ್ಟಿದ್ದು ಬರೀ ನಿಧಾನಕ್ಕೆ ಅಂದರೆ ನಾನು ನಂಬುವುದಿಲ್ಲ.

1957ರಲ್ಲಿ, 36ನೇ ವಯಸ್ಸಿಗೆ, ದಿಢೀರನೆ ಇಂಗ್ಲೆಂಡ್ ಪ್ರವಾಸಕ್ಕೆ ಕರೆದರು. ಟೆಸ್ಟ್ ಆಡಿಸಲಿಲ್ಲ. ಆಮೇಲೆ ತಂಡದ ಮ್ಯಾನೇಜರ್ ಆದ, ಆತ್ಮಕಥೆ ಬರೆದ, 2016ರಲ್ಲಿ 95ರ ವಯಸ್ಸಿನಲ್ಲಿ ತೀರಿಕೊಂಡ.

ಮೊನ್ನೆ ಸುಮ್ನೆ ಆ ಪಂದ್ಯದ ಸ್ಕೋರ್‌ಕಾರ್ಡ್ ತೆಗೆದು ನೋಡಿದೆ. ಎರಡನೇ ಇನಿಂಗ್ಸ್‌ನಲ್ಲಿ ಅವನನ್ನು ಓಪನಿಂಗ್‌ಗೂ ಕಳಿಸಿಲ್ಲ. ಮೂರು ವಿಕೆಟ್ ಬಿದ್ದರೂ ಕಳಿಸಿಲ್ಲ. ಅವನ ಹೆಸರಿನ ಮುಂದೆ ಇರುವುದು ಇಷ್ಟೇ: ಬ್ಯಾಟ್ ಮಾಡಲಿಲ್ಲ.